ಚಪ್ಪರದ ಕೆಳಗೆ ಎಳೆದ ಗಡಿ

1953ರ ಬೇಸಿಗೆಯಲ್ಲಿ ಬಳ್ಳಾರಿ ತಾಲ್ಲೂಕಿನ ಹಣೆಬರಹ ಒಬ್ಬ ನ್ಯಾಯಮೂರ್ತಿಯ ಕೈಯಲ್ಲಿತ್ತು. ಬಳ್ಳಾರಿ ಪಟ್ಟಣ ಮತ್ತು ಸುತ್ತಲಿನ ಹಳ್ಳಿಗಳು ಹೊಸದಾಗಿ ಹುಟ್ಟಲಿದ್ದ ಆಂಧ್ರ ರಾಜ್ಯಕ್ಕೆ ಹೋಗಬೇಕೋ ಮೈಸೂರಿಗೆ ಸೇರಬೇಕೋ ಎಂಬುದನ್ನು ಹೈದರಾಬಾದ್ ಹೈಕೋರ್ಟಿನ ಮುಖ್ಯ ನ್ಯಾಯಮೂರ್ತಿ ಎಲ್.ಎಸ್. ಮಿಶ್ರಾ ವಿಚಾರಣೆ ಮಾಡಿ ಹೇಳಬೇಕಿತ್ತು. ಜಿಲ್ಲೆಯ ಉಳಿದ ತಾಲ್ಲೂಕುಗಳ ಮಾತು ಆಗಲೇ ಮುಗಿದಿತ್ತು. ಮಾರ್ಚ್ 25ರಂದು ಪ್ರಧಾನಿ ನೆಹರೂ ಸಂಸತ್ತಿನಲ್ಲಿ ಲೆಕ್ಕ ಓದಿ ಹೇಳಿದ್ದರು. ಆದೋನಿ, ಆಲೂರು, ರಾಯದುರ್ಗ ಆಂಧ್ರಕ್ಕೆ. ಹೊಸಪೇಟೆ, ಹಡಗಲಿ, ಹರಪನಹಳ್ಳಿ, ಕೂಡ್ಲಿಗಿ, ಸಂಡೂರು, ಸಿರುಗುಪ್ಪ ಮೈಸೂರಿಗೆ. ಬಳ್ಳಾರಿ ತಾಲ್ಲೂಕು ಮಾತ್ರ ನಡುವೆ ನೇತಾಡುತ್ತಿತ್ತು.

ಪಟ್ಟಣದಿಂದ ಐದಾರು ಕಿಲೋಮೀಟರ್ ದೂರದ ಸಂಗನಕಲ್ಲು ಆ ತಾಲ್ಲೂಕಿನ ಒಂದು ಹಳ್ಳಿ. ವಿಚಿತ್ರವೆಂದರೆ, ಗಡಿಯ ಜಗಳ ಕಾವೇರುತ್ತಿದ್ದ ಹೊತ್ತಿಗೇ ಅಲ್ಲಿ ಇನ್ನೊಂದು ವಿಚಾರಣೆ ನಡೆದುಹೋಗಿತ್ತು. 1940ರ ದಶಕದ ಕೊನೆಯಲ್ಲಿ ಬಿ. ಸುಬ್ಬರಾವ್ ಎಂಬ ಪುರಾತತ್ವಜ್ಞರು ಅಲ್ಲಿನ ಗುಡ್ಡದಲ್ಲಿ ಅಗೆದು, ನವಶಿಲಾಯುಗದ ಜನ ಬಾಳಿದ ಕುರುಹುಗಳನ್ನು ಹೊರತೆಗೆದರು. ಬಳ್ಳಾರಿಯ ಶಿಲಾಯುಗದ ಬಗ್ಗೆ ಅವರು ಬರೆದ ಪುಸ್ತಕವನ್ನು 1948ರಲ್ಲಿ ಪುಣೆಯ ಡೆಕ್ಕನ್ ಕಾಲೇಜು ಪ್ರಕಟಿಸಿತು. ಪಕ್ಕದ ಕಪ್ಪಗಲ್ಲಿನ ಬೆಟ್ಟದಲ್ಲಿ ಕರಿಬಂಡೆಗಳ ಒಂದು ಸಾಲಿದೆ. ಕೆಲವು ಬಂಡೆಗಳ ಮೇಲೆ ಬಟ್ಟಲಿನಷ್ಟು ಗುಳಿಗಳು ಬಿದ್ದಿವೆ. ಕಲ್ಲಿನಿಂದಲೇ ಅಲ್ಲಿ ಬಡಿದರೆ ಬಂಡೆ ಜಾಗಟೆಯಂತೆ ನಾದ ಕೊಡುತ್ತದೆ. ಸಾವಿರಾರು ವರ್ಷ ಹಿಂದೆ ಯಾರೋ ಅದನ್ನು ಬಡಿದೂ ಬಡಿದೂ ಗುಳಿ ಮಾಡಿದ್ದಾರೆ. ಸುತ್ತ ಎತ್ತುಗಳನ್ನು, ಕುಣಿಯುವ ಮನುಷ್ಯರನ್ನು ಕೊರೆದಿದ್ದಾರೆ. ನೆಲ ಯಾರದೆಂದು ಸಾಬೀತು ಮಾಡಲು ಎರಡೂ ಪಕ್ಷದವರು ಶಾಸನ, ಕಾವ್ಯ, ಜನಗಣತಿಗಳನ್ನು ಹೊತ್ತು ಓಡಾಡುತ್ತಿದ್ದ ಆ ದಿನಗಳಲ್ಲಿ ಈ ಬಂಡೆಗಳನ್ನು ಯಾರೂ ಸಾಕ್ಷಿಗೆ ಕರೆಯಲಿಲ್ಲ. ಕರೆದಿದ್ದರೂ ಅವು ಯಾವ ಭಾಷೆಯ ಪರ ನಿಲ್ಲುತ್ತಿದ್ದವೋ!

ಬಳ್ಳಾರಿ ಕರ್ನಾಟಕಕ್ಕೆ ಸೇರಿದ ಕಥೆಯನ್ನು ನಾವು ಸಾಮಾನ್ಯವಾಗಿ ಆಯೋಗ, ಮನವಿ, ವರದಿಗಳ ಕಥೆಯಾಗಿ ಓದುತ್ತೇವೆ. ಅದು ಸುಳ್ಳಲ್ಲ. ಆದರೆ ಅರ್ಜಿ ಬರೆಯುವ ಮೊದಲು ಜನ ಒಂದು ಕಡೆ ಸೇರಬೇಕು, ಸೇರುವುದಕ್ಕೆ ಒಂದು ನೆಪ ಬೇಕು, ರಾತ್ರಿಯಿಡೀ ಕೂರುವ ರೂಢಿ ಬೇಕು. ಆ ರೂಢಿಯನ್ನು ಈ ಸೀಮೆಗೆ ಕೊಟ್ಟದ್ದು ಬಯಲಾಟದ ಅಟ್ಟ ಮತ್ತು ನಾಟಕದ ಚಪ್ಪರ. ಆ ಚಪ್ಪರದ ಕೆಳಗೆ ಎರಡು ಭಾಷೆಗಳು ಒಟ್ಟಿಗೆ ಕೂತಿದ್ದವು. ಬಳ್ಳಾರಿಯ ಏಕೀಕರಣ ಧಾರವಾಡದ ಏಕೀಕರಣಕ್ಕಿಂತ ಬೇರೆಯಾಗುವುದು ಇಲ್ಲಿಯೇ.

1800ರಲ್ಲಿ ಹೈದರಾಬಾದಿನ ನಿಜಾಮ ಈ ಸೀಮೆಯನ್ನು ಈಸ್ಟ್ ಇಂಡಿಯಾ ಕಂಪನಿಗೆ ಬಿಟ್ಟುಕೊಟ್ಟ. ದತ್ತ ಮಂಡಲ ಎಂಬ ಹೆಸರು ಬಂದದ್ದು ಹಾಗೆ. ಥಾಮಸ್ ಮನ್ರೋ ಮೊದಲ ಕಲೆಕ್ಟರ್. ಅಲ್ಲಿಂದ ಮುಂದೆ ನೂರೈವತ್ತು ವರ್ಷ ಬಳ್ಳಾರಿ ಮದ್ರಾಸ್ ಪ್ರಾಂತ್ಯದ ಒಂದು ಮೂಲೆ. ದಂಡು ಬಂತು, ರೈಲು ಬಂತು, ಹತ್ತಿ ವ್ಯಾಪಾರ ಬೆಳೆಯಿತು. ವಕೀಲರು, ಗುಮಾಸ್ತರು, ಸಾಹುಕಾರರು ಬಂದು ನೆಲೆಸಿದರು. ಹಳ್ಳಿಗಳಲ್ಲಿ ಕನ್ನಡ, ಪೇಟೆಯಲ್ಲಿ ಕನ್ನಡ, ತೆಲುಗು, ಉರ್ದು ಮೂರೂ, ಕಚೇರಿಯಲ್ಲಿ ಇಂಗ್ಲಿಷು. ಸಂತೆಗೆ ಬಂದವರು ಒಂದು ಭಾಷೆಯಲ್ಲಿ ಚೌಕಾಸಿ ಶುರು ಮಾಡಿ ಇನ್ನೊಂದರಲ್ಲಿ ಮುಗಿಸುವುದು ಬಳ್ಳಾರಿಯಲ್ಲಿ ಇಂದಿಗೂ ಯಾರ ಕಣ್ಣಿಗೂ ಬೀಳದ ಸಂಗತಿ.

ಆ ಪೇಟೆಯಲ್ಲಿ 1880ರ ದಶಕದಲ್ಲಿ ನಾಟಕದ ಹುಚ್ಚು ಹತ್ತಿತು. ವಕೀಲರಾಗಿದ್ದ ಧರ್ಮವರಂ ರಾಮಕೃಷ್ಣಾಚಾರ್ಯರು ಸರಸ ವಿನೋದಿನಿ ಸಭೆ ಕಟ್ಟಿದರು. ಅವರಿಗೆ ಎದುರಾಳಿಯಾಗಿ ನಿಂತ ಇನ್ನೊಬ್ಬ ವಕೀಲ ಕೋಲಾಚಲಂ ಶ್ರೀನಿವಾಸರಾಯರದು ಸುಮನೋರಮಾ ಸಭೆ. ಧರ್ಮವರಂ ಪುರಾಣದ ಕಡೆ ಒಲಿದರೆ ಕೋಲಾಚಲಂ ಚರಿತ್ರೆಯನ್ನು ಹಿಡಿದರು. ಅವರ ರಾಮರಾಜನ ನಾಟಕದಲ್ಲಿ ವಿಜಯನಗರ ಬೀಳುವುದನ್ನು ಬಳ್ಳಾರಿಯ ಜನ ಕಣ್ಣಾರೆ ನೋಡಿದರು. ಹಾಳು ಹಂಪಿ ಅಲ್ಲಿಂದ ಬಹಳ ದೂರವೇನಲ್ಲ. ತೆಲುಗು ಆಧುನಿಕ ರಂಗಭೂಮಿಯ ಒಂದು ದೊಡ್ಡ ತವರು ಇಂದಿನ ಕರ್ನಾಟಕದ ಒಳಗಿದೆ ಎಂಬುದನ್ನು ಕನ್ನಡದವರು ಅಷ್ಟಾಗಿ ನೆನೆಯುವುದಿಲ್ಲ, ತೆಲುಗಿನವರು ಮರೆಯುವುದಿಲ್ಲ.

ಧರ್ಮವರಂ ಅವರ ಸೋದರಳಿಯನೇ ಬಳ್ಳಾರಿ ರಾಘವ. 1880ರಲ್ಲಿ ಹುಟ್ಟಿದವರು, ವೃತ್ತಿಯಲ್ಲಿ ವಕೀಲರು. ತೆಲುಗು, ಕನ್ನಡ, ಹಿಂದಿ, ಇಂಗ್ಲಿಷ್ ನಾಲ್ಕರಲ್ಲೂ ರಂಗವೇರಿದವರು. ಕೋಲಾಚಲಂ ನಾಟಕದಲ್ಲಿ ರಾಘವ ಮಾಡುತ್ತಿದ್ದ ಪಠಾಣ ರುಸ್ತುಮನ ಪಾತ್ರ ಮನೆಮಾತಾಗಿತ್ತು. ಆಗಿನ ತೆಲುಗು ರಂಗಭೂಮಿಯಲ್ಲಿ ಪದ್ಯದ್ದೇ ದರ್ಬಾರು. ನಟ ಒಂದು ಪದ್ಯ ಎತ್ತಿಕೊಂಡು ರಾಗವನ್ನು ಎಳೆದೂ ಎಳೆದೂ ಮುಗಿಸುತ್ತಿದ್ದ. ಸಭಿಕರು ‘ಒನ್ಸ್ ಮೋರ್’ ಎಂದು ಕೂಗುತ್ತಿದ್ದರು. ಸತ್ತುಬಿದ್ದ ರಾಜ ಎದ್ದು ಮತ್ತೆ ಹಾಡಿ ಮತ್ತೆ ಸಾಯುತ್ತಿದ್ದ. ರಾಘವರಿಗೆ ಇದು ಆಗಿಬರಲಿಲ್ಲ. ಮಾತು ಮಾತಿನಂತಿರಬೇಕು, ಮುಖದಲ್ಲಿ ಭಾವ ಮೂಡಬೇಕು, ಹೆಣ್ಣಿನ ಪಾತ್ರವನ್ನು ಹೆಣ್ಣೇ ಮಾಡಬೇಕು ಎಂದು ಹಟ ಹಿಡಿದರು. ಮರ್ಯಾದಸ್ಥರ ಮನೆಯ ಹೆಂಗಸು ಅಟ್ಟ ಹತ್ತುವುದೇ ಅಪರಾಧವಾಗಿದ್ದ ಕಾಲದಲ್ಲಿ ಈ ಹಟ ಸಣ್ಣದಲ್ಲ. 1927ರಲ್ಲಿ ಅವರ ‘ದೀನಬಂಧು ಕಬೀರ್’ ನಾಟಕವನ್ನು ಗಾಂಧೀಜಿ ನೋಡಿದರು. 1939ರಲ್ಲಿ ಗೂಡವಲ್ಲಿ ರಾಮಬ್ರಹ್ಮಂ ಅವರ ‘ರೈತು ಬಿಡ್ಡ’ ಚಿತ್ರದಲ್ಲಿ ರಾಘವ ಜಮೀನ್ದಾರಿ ದಬ್ಬಾಳಿಕೆಗೆ ಸಿಕ್ಕಿದ ರೈತನ ಪಾತ್ರ ಮಾಡಿದರು. ಆ ಚಿತ್ರದ ಮೇಲೆ ಜಮೀನ್ದಾರರು ಎಷ್ಟು ಉರಿದುಬಿದ್ದರೆಂದರೆ ಹಲವು ಕಡೆ ಅದರ ಪ್ರದರ್ಶನವೇ ನಿಂತಿತು. ನಾಟಕಕಾರರು ಯಾರಿಗೆ ಹೆದರಿಕೆ ಹುಟ್ಟಿಸಬಲ್ಲರು ಎಂಬುದಕ್ಕೆ ಇದಕ್ಕಿಂತ ಒಳ್ಳೆಯ ಪ್ರಮಾಣಪತ್ರ ಬೇಕಿಲ್ಲ.

ಪೇಟೆಯ ನಾಟಕ ಹೀಗಿದ್ದರೆ ಹಳ್ಳಿಯದು ಬಯಲಾಟ. ಸುಗ್ಗಿ ಮುಗಿದ ಮೇಲೆ ಊರ ಮುಂದಿನ ಬಯಲಲ್ಲಿ ಅಟ್ಟ ಬೀಳುತ್ತದೆ. ಕಿರೀಟ, ಭುಜಕೀರ್ತಿ ಕಟ್ಟಿಕೊಂಡವರು ನಿನ್ನೆ ಗಳೆ ಹೊಡೆದವರೇ, ಕುರಿ ಕಾದವರೇ. ಸಾರಥಿ ಬಂದು ‘ನೀವು ಧಾರು’ ಎಂದು ಕೇಳಿದಾಗ, ಹಗಲು ಯಾರ ಮುಂದೆಯೂ ದನಿ ಎತ್ತದ ಆಳು ಎದೆ ಸೆಟೆಸಿ ತನ್ನ ಬಿರುದುಗಳನ್ನು ಸಾರುತ್ತಾನೆ. ಹಿಮ್ಮೇಳದ ಮದ್ದಳೆ, ತಾಳ, ಹಾರ್ಮೋನಿಯಂ ಅವನ ಮಾತಿಗೆ ಮಾತು ಕೂಡಿಸುತ್ತವೆ. ಹೆಂಗಸರು ಮಕ್ಕಳಾದಿಯಾಗಿ ಚಾಪೆ ಹಾಸಿಕೊಂಡು ಬೆಳಗಿನ ತನಕ ಕೂರುತ್ತಾರೆ. ಇಂಥ ಊರುಗಳಿಗೆ ರಾಜಕೀಯದವರು ಬಂದು ಸಭೆ ಎಂದಾಗ, ಸಭೆ ಎಂದರೇನು ಎಂದು ವಿವರಿಸಿ ಹೇಳಬೇಕಾಗಲಿಲ್ಲ. ಕಂಬ, ತಟ್ಟಿ, ಜಮಖಾನೆ, ಗ್ಯಾಸ್‌ಲೈಟು. ನಾಟಕಕ್ಕೆ ಬೇಕಾದದ್ದೇ ಸಭೆಗೂ ಬೇಕು. ಮೊದಲು ಒಂದು ಹಾಡು, ಆಮೇಲೆ ಭಾಷಣ. ಈ ಕ್ರಮ ನಮ್ಮ ರಾಜಕೀಯ ಸಭೆಗಳಲ್ಲಿ ಇನ್ನೂ ಉಳಿದಿದೆ.

ಇನ್ನೊಂದು ಸಂಗತಿ ಗಣತಿಯವರ ತಲೆ ಕೆಡಿಸಬೇಕಿತ್ತು, ಅವರು ಗಮನಿಸಲಿಲ್ಲ. ಈ ಸೀಮೆಯಲ್ಲಿ ಕುಮಾರರಾಮನ ಕಥೆಯಂಥ ಕನ್ನಡದ ಮಹಾಕಾವ್ಯಗಳನ್ನು ನಾಲಿಗೆಯ ಮೇಲೆ ಹೊತ್ತು ತಿರುಗಿದವರಲ್ಲಿ ಬುಡ್ಗಜಂಗಮರು ಮುಖ್ಯರು. ಅವರ ಮನೆಮಾತು ತೆಲುಗು. ದರೋಜಿ ಈರಮ್ಮ ಅಕ್ಷರ ಕಲಿಯದೆಯೇ ಸಾವಿರಾರು ಪುಟವಾಗುವಷ್ಟು ಕನ್ನಡ ಬುರ್ರಕಥೆಗಳನ್ನು ಹಾಡಿದ್ದು ಈ ಪರಂಪರೆಯಿಂದಲೇ. ತೊಗಲುಗೊಂಬೆ ಆಡಿಸುವ ಕಿಳ್ಳೇಕ್ಯಾತರ ಮನೆಮಾತು ಮರಾಠಿಯ ಒಂದು ಬಗೆ. ಪರದೆಯ ಮೇಲೆ ಅವರ ರಾಮ, ರಾವಣರಾಡುವುದು ಕನ್ನಡ. ಗಣತಿಯ ಪಟ್ಟಿಯಲ್ಲಿ ಇವರು ‘ಕನ್ನಡೇತರರು’. ಕನ್ನಡ ಬದುಕಿದ್ದು ಅವರ ಗಂಟಲಲ್ಲಿ!

ಇನ್ನು ಏಕೀಕರಣದ ಕಡೆ ಬರೋಣ. ಅದರ ಕನಸಿಗೂ ಆಗಿನ ಬಳ್ಳಾರಿ ಜಿಲ್ಲೆಯೇ ಬೀಜ. 1905ರಲ್ಲಿ ಆಲೂರು ವೆಂಕಟರಾಯರು ಹಂಪಿಯ ಹಾಳುಬಿದ್ದ ಬೀದಿಗಳನ್ನು ಕಂಡು ಕರ್ನಾಟಕ ಎಂಬ ಒಂದೇ ನಾಡಿನ ದರ್ಶನ ತಮಗಾಯಿತೆಂದು ಹೇಳಿಕೊಂಡರು. ಅವರ ‘ಕರ್ನಾಟಕ ಗತವೈಭವ’ ಹೊರಬಂದದ್ದು 1917ರಲ್ಲಿ. 1924ರ ಬೆಳಗಾವಿ ಕಾಂಗ್ರೆಸ್ ಅಧಿವೇಶನದ ನಗರಕ್ಕೆ ವಿಜಯನಗರ ಎಂದೇ ಹೆಸರಿಟ್ಟರು, ನೀರಿಗೆ ತೋಡಿದ ಬಾವಿಯನ್ನು ಪಂಪಾಸರೋವರ ಎಂದು ಕರೆದರು. ಹುಯಿಲಗೋಳ ನಾರಾಯಣರಾಯರ ನಾಡಗೀತೆ ಮೊಳಗಿದ್ದು, ಮೊದಲ ಕರ್ನಾಟಕ ಏಕೀಕರಣ ಸಮ್ಮೇಳನ ಸಿದ್ದಪ್ಪ ಕಂಬಳಿಯವರ ಅಧ್ಯಕ್ಷತೆಯಲ್ಲಿ ಕೂಡಿದ್ದು ಆ ಆವರಣದಲ್ಲಿಯೇ. ಬೆಳಗಾವಿಯಲ್ಲಿ ಕೂತವರು ಬಳ್ಳಾರಿ ಜಿಲ್ಲೆಯ ಭೂಗೋಳವನ್ನು ಎರವಲು ಪಡೆದು ನಾಡು ಕಟ್ಟುತ್ತಿದ್ದರು. ಆ ಜಿಲ್ಲೆ ಮಾತ್ರ ಇನ್ನೂ ಯಾರ ಪಾಲಿಗೆ ಎಂದು ತೀರ್ಮಾನವಾಗಿರಲಿಲ್ಲ.

ತೆಲುಗರಿಗೂ ವಿಜಯನಗರ ತಮ್ಮದೇ. ‘ಆಮುಕ್ತಮಾಲ್ಯದ’ ಬರೆದ ಕೃಷ್ಣದೇವರಾಯನನ್ನು ಅವರು ಬಿಟ್ಟುಕೊಡುವುದುಂಟೆ? 1936ರಲ್ಲಿ ವಿಜಯನಗರಕ್ಕೆ ಆರುನೂರು ವರ್ಷ ತುಂಬಿದ ಹಬ್ಬವನ್ನು ಧಾರವಾಡದ ಕರ್ನಾಟಕ ಇತಿಹಾಸ ಸಂಶೋಧನ ಮಂಡಲದವರು ಮುಂದೆ ನಿಂತು ಮಾಡಿ ದಪ್ಪನೆಯ ಸ್ಮರಣ ಸಂಪುಟ ತಂದರು. ಅದು ವಿದ್ವತ್ತಿನ ಕೆಲಸವೂ ಹೌದು, ಹಕ್ಕಿನ ಮಾತೂ ಹೌದು. ಕಲೆ, ಸಂಸ್ಕೃತಿ ಎಂದ ಕೂಡಲೇ ಅದು ಜನರನ್ನು ಕೂಡಿಸುತ್ತದೆ ಎಂದು ಬಿಡುವ ಅಭ್ಯಾಸ ನಮಗಿದೆ. ಹಂಪಿಯ ವಿಷಯದಲ್ಲಿ ಅದು ಎರಡೂ ಕಡೆಯವರ ಕೈಗೆ ಒಂದೊಂದು ಅಲಗು ಕೊಟ್ಟಿತು ಎಂದೇ ನನ್ನ ಅನಿಸಿಕೆ.

ಗಡಿಗೆರೆಯ ಮೊದಲ ಕರಡು ಮಾತ್ರ ತುಂಬ ಮುಂಚೆಯೇ ಬಿದ್ದಿತ್ತು. 1920ರ ನಾಗಪುರ ಅಧಿವೇಶನದಲ್ಲಿ ಕಾಂಗ್ರೆಸ್ಸು ಭಾಷೆಗೊಂದರಂತೆ ಪ್ರಾಂತ ಸಮಿತಿಗಳನ್ನು ಒಪ್ಪಿದಾಗ ಬಳ್ಳಾರಿಗಾಗಿ ಆಂಧ್ರ, ಕರ್ನಾಟಕ ಸಮಿತಿಗಳು ಕಿತ್ತಾಡಿದವು. ಎನ್.ಸಿ. ಕೇಳ್ಕರ್ ಮಧ್ಯಸ್ಥಿಕೆ ವಹಿಸಿ, ಆದೋನಿ, ಆಲೂರು, ರಾಯದುರ್ಗ ಅತ್ತ, ಉಳಿದದ್ದು ಇತ್ತ ಎಂದರು. ಮೂವತ್ತು ವರ್ಷಗಳ ಮೇಲೂ ದೆಹಲಿ ಹೆಚ್ಚುಕಡಿಮೆ ಅಲ್ಲಿಗೇ ಬಂದು ನಿಂತಿತು. ಆ ನಡುವೆ ಕನ್ನಡ ಸಾಹಿತ್ಯ ಪರಿಷತ್ತು ಬಳ್ಳಾರಿಯ ಬಾಗಿಲು ತಟ್ಟುತ್ತಲೇ ಇತ್ತು. 1926ರ ಸಮ್ಮೇಳನಕ್ಕೆ ವಚನಗಳ ಓಲೆಗರಿ ಹುಡುಕುತ್ತ ಊರೂರು ತಿರುಗಿದ ಫ.ಗು. ಹಳಕಟ್ಟಿ ಅಧ್ಯಕ್ಷರು, 1938ರಲ್ಲಿ ರಂಗನಾಥ ದಿವಾಕರರು. ಮದ್ರಾಸ್ ಪ್ರಾಂತ್ಯದ ಒಂದು ಜಿಲ್ಲಾ ಕೇಂದ್ರದಲ್ಲಿ ಕನ್ನಡದ ಅಷ್ಟು ದೊಡ್ಡ ಸಭೆ ಕೂಡಿಸುವುದೆಂದರೆ, ಹೆಸರಿಗೆ ಸಾಹಿತ್ಯ, ಒಳಗೆ ರಾಜಕೀಯ. ಬ್ರಿಟಿಷ್ ಕಲೆಕ್ಟರನಿಗೆ ಅದು ತಿಳಿದಿರದೆ ಇರಲಾರದು. ಆದರೆ ವಚನ ಓದಬೇಡಿ ಎಂದು ತಡೆಯುವುದು ಹೇಗೆ?

ಜೋಳದರಾಶಿ ದೊಡ್ಡನಗೌಡರು ಬೆಳೆದದ್ದು ಈ ವಾತಾವರಣದಲ್ಲಿ. 1910ರಲ್ಲಿ ಬಳ್ಳಾರಿ ಸಮೀಪದ ಹಳ್ಳಿಯಲ್ಲಿ ಹುಟ್ಟಿದ ಗೌಡರ ಮನೆಯ ಹುಡುಗ ಗಮಕಿಯಾದ, ನಟನಾದ, ನಾಟಕಕಾರನಾದ. ರಾಘವರ ಒಡನಾಟದಲ್ಲಿ ಪಳಗಿದವರು ಕನ್ನಡದ ಅಟ್ಟಕ್ಕೆ ಆ ಪಾಠವನ್ನು ತಂದರು. ತೆಲುಗಿನ ಗುರುವಿನಿಂದ ಕಲಿತದ್ದನ್ನು ಕನ್ನಡಕ್ಕೆ ಇಳಿಸುವಾಗ ಅವರಿಗೆ ಯಾವ ಇರಿಸುಮುರಿಸೂ ಇರಲಿಲ್ಲ. ಗಮಕಿಗೆ ಕಂಪನಿಯೂ ಬೇಡ, ಪರದೆಯೂ ಬೇಡ. ಗುಡಿಯ ಕಟ್ಟೆಯ ಮೇಲೆ ಕೂತು ಕುಮಾರವ್ಯಾಸನನ್ನು ಎತ್ತಿಕೊಂಡರೆ ಓದು ಬಾರದವನಿಗೂ ಹಳಗಾಲದ ಕನ್ನಡ ತನ್ನದೆನಿಸುತ್ತದೆ. ಭಾಷಾಭಿಮಾನದ ನೂರು ಭಾಷಣ ಮಾಡದ ಕೆಲಸವನ್ನು ಇಂಥ ಒಂದು ಸಂಜೆ ಮಾಡುತ್ತಿತ್ತು.

ತೆಲುಗಿನ ಕಡೆಯೂ ಹಾಡೇ ಮುಂದಿತ್ತು. 1943ರಲ್ಲಿ ಮುಂಬಯಿಯಲ್ಲಿ ಇಪ್ಟಾ ಎಂಬ ಜನನಾಟ್ಯ ಸಂಘ ಹುಟ್ಟಿದ ಕಾಲಕ್ಕೇ ಆಂಧ್ರದಲ್ಲಿ ಪ್ರಜಾನಾಟ್ಯ ಮಂಡಲಿ ಎದ್ದಿತು. ಷೇಕ್ ನಾಜರ್ ಬುರ್ರಕಥೆಯ ತಂಬೂರಿ ಹೆಗಲಿಗೇರಿಸಿ ರೈತರ ಹೋರಾಟವನ್ನು ಕಥೆ ಮಾಡಿದರು. ಮದ್ರಾಸ್ ಸರ್ಕಾರ, ನಿಜಾಮ ಸರ್ಕಾರ ಎರಡೂ ಬುರ್ರಕಥೆಗೆ ನಿಷೇಧ ಹಾಕಿದವು. ನಮ್ಮ ಈರಮ್ಮ ಹಾಡಿದ ಪ್ರಕಾರವೇ ಅದು. ಗಡಿಯ ಒಂದು ಕಡೆ ಕ್ರಾಂತಿಯ ಕೂಗಾದದ್ದು ಇನ್ನೊಂದು ಕಡೆ ಭಿಕ್ಷಾಟನೆಯ ಹಾಡಾಗಿಯೇ ಉಳಿದದ್ದು ಏಕೆ? ಕನ್ನಡದ ಏಕೀಕರಣ ಹೆಚ್ಚಾಗಿ ವಕೀಲರ, ಸಾಹಿತಿಗಳ, ಊರಗೌಡರ ಚಳವಳಿಯಾಗಿತ್ತು. ಬುಡ್ಗಜಂಗಮರ ಗುಡಿಸಲಿನ ತನಕ ಅದು ಬಗ್ಗಿ ನೋಡಲಿಲ್ಲ. ಏಕೀಕರಣದ ಬಗ್ಗೆ ನನಗಿರುವ ದೊಡ್ಡ ತಕರಾರು ಇದೇ.

1952ರ ಅಕ್ಟೋಬರ್ 19ರಂದು ಪೊಟ್ಟಿ ಶ್ರೀರಾಮುಲು ಆಂಧ್ರ ರಾಜ್ಯಕ್ಕಾಗಿ ಉಪವಾಸ ಕೂತರು. ಡಿಸೆಂಬರ್ 15ರಂದು ತೀರಿಕೊಂಡರು. ನಾಲ್ಕೇ ದಿನದಲ್ಲಿ ನೆಹರೂ ಆಂಧ್ರಕ್ಕೆ ಒಪ್ಪಿಗೆ ಕೊಟ್ಟರು. ಅಲ್ಲಿಗೆ ಬಳ್ಳಾರಿಯ ಪ್ರಶ್ನೆ ತಲೆಯ ಮೇಲೆ ಬಂದು ಬಿತ್ತು. ಅತ್ತ ಹುಬ್ಬಳ್ಳಿಯ ಬಳಿಯ ಅದರಗುಂಚಿಯಲ್ಲಿ ಶಂಕರಗೌಡರು ಕರ್ನಾಟಕ ಏಕೀಕರಣಕ್ಕಾಗಿ 1953ರ ಮಾರ್ಚ್ 28ರಿಂದ ಉಪವಾಸ ಹೂಡಿದರು. ಏಪ್ರಿಲ್ 19ರಂದು ಹುಬ್ಬಳ್ಳಿ ಹೊತ್ತಿ ಉರಿಯಿತು. ಬಳ್ಳಾರಿಯಲ್ಲಿ ಮೆರವಣಿಗೆಗೆ ಎದುರು ಮೆರವಣಿಗೆ, ಸಭೆಗೆ ಎದುರು ಸಭೆ. ಕನ್ನಡದ ಪರ ಓಡಾಡಿದವರಲ್ಲಿ ಲೋಕಸಭಾ ಸದಸ್ಯ ಟೇಕೂರು ಸುಬ್ರಹ್ಮಣ್ಯಂ ಇದ್ದರು, ಮುಂದೆ ನ್ಯಾಯಾಧೀಶರೂ ಕಾದಂಬರಿಕಾರರೂ ಆದ ಯುವ ವಕೀಲ ಕೋ. ಚೆನ್ನಬಸಪ್ಪ ಇದ್ದರು, ಹರಗಿನಡೋಣಿ ಸಣ್ಣಬಸವನಗೌಡರಂಥವರಿದ್ದರು. ಒಂದೇ ನಾಟಕಕ್ಕೆ ಒಂದೇ ಸಾಲಿನಲ್ಲಿ ಕೂರುತ್ತಿದ್ದವರು ಬೇರೆ ಬೇರೆ ಚಪ್ಪರ ಹಾಕಿಕೊಂಡರು. ರಾಘವ 1946ರಲ್ಲೇ ತೀರಿಕೊಂಡಿದ್ದರು. ನೀವು ಯಾವ ಕಡೆ ಎಂದು ಅವರನ್ನು ಯಾರೂ ಕೇಳುವಂತಾಗಲಿಲ್ಲ, ಅದು ಅವರ ಪುಣ್ಯ.

ಹಾಡು ಚಳವಳಿಯಾಗುವುದಕ್ಕೆ ಹೋಲಿಕೆಯಾಗಿ ಎಸ್ಟೋನಿಯಾ ದೇಶವನ್ನು ನೆನೆಯಬಹುದು. 1869ರಿಂದ ಅಲ್ಲಿ ಹಾಡಿನ ಉತ್ಸವಗಳು ನಡೆದುಬಂದವು. 1988ರಲ್ಲಿ ಟಾಲಿನ್ ನಗರದ ಹಾಡಿನ ಮೈದಾನದಲ್ಲಿ ಲಕ್ಷಗಟ್ಟಲೆ ಜನ ನಿಂತು ಹಾಡಿ ಸೋವಿಯತ್ ಅಧಿಕಾರವನ್ನು ಎದುರಿಸಿದರು. ಅಲ್ಲಿ ಹಾಡುವ ಭಾಷೆ ಒಂದು, ಎದುರಾಳಿ ಹೊರಗಿನವನು. ಬಳ್ಳಾರಿಯಲ್ಲಿ ಹಾಡುವವರು ಎರಡು ಭಾಷೆಯವರು, ಎದುರಾಳಿ ಪಕ್ಕದ ಮನೆಯವನು. ಅಂಥ ಊರಿನಲ್ಲಿ ಹಾಡಿಗೆ ಬೇರೆಯೇ ಭಾರ ಬರುತ್ತದೆ.

ಮಿಶ್ರಾ ವರದಿ ಮೇ ತಿಂಗಳಲ್ಲಿ ಬಂತು. ಬಳ್ಳಾರಿ ತಾಲ್ಲೂಕು ಮೈಸೂರಿಗೆ ಎಂದಿತು, ಕೇಂದ್ರ ಒಪ್ಪಿತು. ಆಂಧ್ರ ರಾಜ್ಯ ಹುಟ್ಟುವ ದಿನವೇ, 1953ರ ಅಕ್ಟೋಬರ್ 1ರಂದೇ, ಬಳ್ಳಾರಿಯ ವಿಲೀನ. ಸಮಾರಂಭಕ್ಕೆ ದೊಡ್ಡ ಚಪ್ಪರ ಎದ್ದಿತು. ಅದನ್ನು ಹಾಳುಗೆಡವುತ್ತಾರೆಂಬ ಸುದ್ದಿ ಹಬ್ಬಿತ್ತು. ಸೆಪ್ಟೆಂಬರ್ 30ರ ರಾತ್ರಿ ಕಾವಲಿಗೆ ನಿಂತವರಲ್ಲಿ ಪಿಂಜಾರ ರಂಜಾನ್ ಸಾಬ್ ಒಬ್ಬರು, ಗರಡಿಯಲ್ಲಿ ಸಾಮು ಮಾಡಿದ ಪೈಲ್ವಾನ. ಹತ್ತಿ ಹಿಂಜಿ ಗಾದಿ ಹೊಲಿಯುವುದು ಪಿಂಜಾರರ ಕಸುಬು. ಚಪ್ಪರದ ಮೇಲೆ ನಡೆದ ಬಾಂಬ್ ದಾಳಿಯಲ್ಲಿ ಅವರು ಪ್ರಾಣ ಬಿಟ್ಟರು. ಕರ್ನಾಟಕ ಏಕೀಕರಣದ ಹುತಾತ್ಮ ಎಂದು ನಾಡು ನೆನೆಯುವುದು ಕವಿಯನ್ನಲ್ಲ, ವಕೀಲನನ್ನಲ್ಲ. ಚಪ್ಪರ ಕಾದ ಈ ಮುಸ್ಲಿಂ ಕುಸ್ತಿಪಟುವನ್ನು.

ಅವರು ಕಾಯುತ್ತಿದ್ದದ್ದು ಕಚೇರಿಯನ್ನಲ್ಲ, ಖಜಾನೆಯನ್ನಲ್ಲ. ಬಿದಿರು, ಬಟ್ಟೆ, ಹಗ್ಗಗಳಿಂದ ಒಂದು ದಿನಕ್ಕೆಂದು ಕಟ್ಟಿದ್ದನ್ನು. ಅದನ್ನು ಕೆಡವಬೇಕೆಂದು ಬಂದವರಿಗೂ ಅದರ ಬೆಲೆ ಚೆನ್ನಾಗಿ ಗೊತ್ತಿತ್ತು. ಗೆಜೆಟ್ಟಿನಲ್ಲಿ ಆದ ವಿಲೀನವನ್ನು ಯಾರೂ ತಡೆಯುವಂತಿರಲಿಲ್ಲ. ಜನ ಒಂದೆಡೆ ಕೂತು ಹಾಡಿ ಕೈತಟ್ಟುವ ವಿಲೀನವನ್ನು ತಡೆಯಬಹುದಿತ್ತು.

ಕಥೆ ಅಲ್ಲಿಗೂ ಮುಗಿಯಲಿಲ್ಲ. ಸರಿಯಾಗಿ ಎರಡು ವರ್ಷಕ್ಕೆ, 1955ರ ಸೆಪ್ಟೆಂಬರ್ 30ರಂದು, ರಾಜ್ಯಗಳ ಗಡಿಯನ್ನು ಹೊಸದಾಗಿ ಗುರುತಿಸಲು ನೇಮಕವಾಗಿದ್ದ ಫಜಲ್ ಅಲಿ ಆಯೋಗ ವರದಿ ಒಪ್ಪಿಸಿತು. ತುಂಗಭದ್ರಾ ಯೋಜನೆಯ ಹಿತಕ್ಕಾಗಿ ಬಳ್ಳಾರಿ, ಸಿರುಗುಪ್ಪ, ಹೊಸಪೇಟೆ ಸೀಮೆ ಆಂಧ್ರಕ್ಕೆ ಹೋಗಲಿ ಎಂದಿತು. ಭಾಷೆಯ ಲೆಕ್ಕ ಮುಗಿದಿದ್ದರೂ ನೀರಿನ ಲೆಕ್ಕ ಶುರುವಾಯಿತು. ಮತ್ತೆ ಸಭೆ, ಮತ್ತೆ ಮೆರವಣಿಗೆ, ಮತ್ತೆ ಹಾಡು. ಕೇಂದ್ರ ಆ ಶಿಫಾರಸನ್ನು ಕೈಬಿಟ್ಟಿತು. 1956ರ ನವೆಂಬರ್ 1ರಂದು ಬಳ್ಳಾರಿ ವಿಶಾಲ ಮೈಸೂರಿನಲ್ಲಿಯೇ ಉಳಿಯಿತು. 1958ರಲ್ಲಿ ಸಾಹಿತ್ಯ ಸಮ್ಮೇಳನ ಮೂರನೆಯ ಸಲ ಬಳ್ಳಾರಿಗೆ ಬಂದಾಗ ಅಧ್ಯಕ್ಷರು ವಿ.ಕೃ. ಗೋಕಾಕ.

ಆದೋನಿ, ಆಲೂರು, ರಾಯದುರ್ಗದ ಕನ್ನಡಿಗರು ಅತ್ತ ಉಳಿದರು, ಬಳ್ಳಾರಿಯ ತೆಲುಗರು ಇತ್ತ. ರಾಯದುರ್ಗದ ಮನೆಗಳಲ್ಲಿ ಈಗಲೂ ಕನ್ನಡ ಕೇಳುತ್ತದೆ, ಮದುವೆ ಸಂಬಂಧಗಳು ಗಡಿ ನೋಡದೆ ನಡೆಯುತ್ತವೆ. ಬಳ್ಳಾರಿ ಪಟ್ಟಣದ ರಂಗಮಂದಿರಕ್ಕೆ ಇರುವ ಹೆಸರು ರಾಘವ ಕಲಾಮಂದಿರ. ಅಲ್ಲಿ ಕನ್ನಡ ನಾಟಕವೂ ಆಗುತ್ತದೆ, ತೆಲುಗು ನಾಟಕವೂ ಆಗುತ್ತದೆ, ಟಿಕೆಟ್ ಕೇಳುವವನು ಬಂದವರ ಬಾಯಿಗೆ ಯಾವುದು ಬರುತ್ತದೋ ಆ ಭಾಷೆಯಲ್ಲಿ ಚಿಲ್ಲರೆ ಕೇಳುತ್ತಾನೆ.